ಕ್ಲಬ್ ಸ್ಟೋರ್‌ರೂಮಲ್ಲಿ ಹಳೇ ಹರ್ಲಿಂಗ್ ಮ್ಯಾಚ್‌ಗಳ ಕ್ಯಾಸೆಟ್ ಸಿಕ್ಕಿವೆ, ಉಳಿಸೋದು ಹೇಗೆ?

ಹಾಸನದ_ಹುಡುಗ_ಟಿಪ್ಪರರಿ

ಎಲ್ಲರಿಗೂ ನಮಸ್ಕಾರ. ನಾನು ಐರ್ಲೆಂಡ್‌ನ ಟಿಪ್ಪರರಿ ಕೌಂಟಿಲಿ ಇದೀನಿ, ಬಂದು ಒಂಬತ್ತು ವರ್ಷ ಆಯ್ತು. ಮಗ ಸ್ಕೂಲಲ್ಲಿ ಹರ್ಲಿಂಗ್ ಶುರು ಮಾಡ್ದ, ಅವನನ್ನ ಬಿಡೋಕೆ ಕರ್ಕೊಂಡ್ ಬರೋಕೆ ಅಂತ ಹೋಗ್ತಾ ಹೋಗ್ತಾ ನಾನೂ ಊರಿನ ಕ್ಲಬ್ಬಿನವನೇ ಆಗೋಗಿದೀನಿ. ಆಟ ಗೊತ್ತಿಲ್ದೇ ಇರೋರಿಗೆ ಎರಡೇ ಮಾತಲ್ಲಿ ಹೇಳ್ತೀನಿ, ತಂಡಕ್ಕೆ 15 ಜನ, ಆಶ್ ಮರದಲ್ಲಿ ಮಾಡಿರೋ ಹರ್ಲಿ ಅನ್ನೋ ಕೋಲು, ಸ್ಲಿತರ್ ಅನ್ನೋ ತೊಗಲಿನ ಚೆಂಡು, ಗೋಲಿಗೆ ಮೂರು ಪಾಯಿಂಟು, ಬಾರ್ ಮೇಲಿಂದ ಹೋದ್ರೆ ಒಂದು. ಈ ಆಟಗಳನ್ನೆಲ್ಲ ನಡೆಸೋ ಗೇಲಿಕ್ ಅಥ್ಲೆಟಿಕ್ ಅಸೋಸಿಯೇಷನ್, ಎಲ್ಲರೂ ಜಿಎಎ ಅಂತಾರೆ, ಹುಟ್ಟಿದ್ದೇ ನಮ್ಮ ಕೌಂಟಿಯ ಥರ್ಲ್ಸ್ ಊರಿನ ಒಂದು ಹೋಟೆಲಲ್ಲಿ, 1884ರ ನವೆಂಬರ್ 1ಕ್ಕೆ.

ಈಗ ವಿಷಯಕ್ಕೆ ಬರ್ತೀನಿ. ಕ್ಲಬ್‌ಹೌಸ್ ಛಾವಣಿ ಸೋರ್ತಿದೆ ಅಂತ ಸ್ಟೋರ್‌ರೂಮ್ ಖಾಲಿ ಮಾಡ್ತಿದ್ವಿ. ಹಳೇ ಜೆರ್ಸಿ ಮೂಟೆಗಳ ಹಿಂದೆ ಬಾಳೆಹಣ್ಣಿನ ರಟ್ಟಿನ ಡಬ್ಬ ನಾಲ್ಕು. ಒಳಗೆ 54 ವಿಎಚ್‌ಎಸ್ ಕ್ಯಾಸೆಟ್, 4 ಸಣ್ಣ ಹೈ8 ಕ್ಯಾಸೆಟ್, ಜೊತೆಗೆ ತುಕ್ಕು ಹಿಡಿದಿರೋ ಎರಡು ಫಿಲ್ಮ್ ಡಬ್ಬಿ. ಕ್ಯಾಸೆಟ್ ಮೇಲೆ ಬಾಲ್‌ಪೆನ್ನಲ್ಲಿ ಮ್ಯಾಚ್ ಹೆಸರು, ಕೆಲವಕ್ಕೆ ಬರೀ ಸ್ಕೋರು, "2-9, 1-11" ಅಷ್ಟೇ. ಜೊತೆಲಿದ್ದೋರು ಸ್ಕಿಪ್ಪಿಗೆ, ಅಂದ್ರೆ ಕಸದ ದೊಡ್ಡ ತೊಟ್ಟಿಗೆ, ಹಾಕ್ಬಿಡೋಣ, ಯಾರ ಮನೇಲಿ ವಿಸಿಆರ್ ಇದೆ ಈಗ ಅಂದ್ರು. ನಂಗೆ ಯಾಕೋ ಮನಸ್ಸು ಒಪ್ಪಲಿಲ್ಲ, ಕಾರಿಗೆ ತುಂಬ್ಕೊಂಡು ಮನೆಗೆ ತಂದೆ.

ಚಾರಿಟಿ ಅಂಗಡಿಲಿ ಒಂದು ವಿಸಿಆರ್ ತಂದು ಒಂದು ಕ್ಯಾಸೆಟ್ ಹಾಕ್ದೆ. ಹತ್ತು ನಿಮಿಷ ಚೆನ್ನಾಗೇ ಓಡ್ತು. ಮಳೆ, ಲೆನ್ಸ್ ಮೇಲೆ ಹನಿ, ಯಾರದೋ ಹೆಬ್ಬೆರಳು ಬಂದು ಒರೆಸಿ ಹೋಯ್ತು, ಆಮೇಲೆ ಕೆಸರಲ್ಲಿ ಹೆಲ್ಮೆಟ್ಟೇ ಇಲ್ದೇ ಓಡೋ ಹುಡುಗರು, ಕ್ಯಾಮೆರಾ ಹಿಂದಿಂದ ಒಂದು ಮಗು ಡ್ಯಾಡಿ ಡ್ಯಾಡಿ ಅಂತ ಕರೀತಾನೇ ಇದೆ. ಅಷ್ಟರಲ್ಲಿ ಟರ್ರ್ ಅಂತ ಸದ್ದು, ವಿಸಿಆರ್ ಟೇಪ್ ನುಂಗ್ಬಿಡ್ತು. ಬಿಡಿಸೋಕೆ ಹೋಗಿ ಎರಡು ಮೊಳ ಸುಕ್ಕಾಗೋಯ್ತು. ಆ ರಾತ್ರಿ ನಿದ್ದೆ ಬರ್ಲಿಲ್ಲ ನಿಜವಾಗ್ಲೂ. ಗೊತ್ತಿರೋರು ದಾರಿ ಹೇಳಿ.

ಟೇಪ್_ಮಾಮ

ಮೊದ್ಲು ಆ ವಿಸಿಆರ್ ಪ್ಲಗ್ ತೆಗೀರಿ. ಇನ್ನೊಂದು ಕ್ಯಾಸೆಟ್ ಹಾಕ್ಬೇಡಿ ದಯವಿಟ್ಟು.

ನಾನು ಮೂವತ್ತು ವರ್ಷ ವಿಡಿಯೋ ಟೇಪ್ ಜೊತೆ ಕೆಲಸ ಮಾಡ್ದೋನು, ಬೆಂಗಳೂರಲ್ಲಿ ಶುರು, ಈಗ ಡಬ್ಲಿನ್‌ನಲ್ಲಿ ಮಗಳ ಮನೇಲಿದೀನಿ. ಸುಕ್ಕಾದ ಟೇಪಿಗೆ ಅಳ್ಬೇಡಿ, ಆ ಎರಡು ಮೊಳದ ಜಾಗದಲ್ಲಿ ಕೆಲವು ಸೆಕೆಂಡ್ ಚಿತ್ರ ಹರಿಯುತ್ತೆ, ಮಿಕ್ಕಿದ್ದು ಹಾಗೇ ಇರುತ್ತೆ. ಅದನ್ನ ಕತ್ತರಿಸಿ ಎಸೀಬೇಡಿ, ಸೆಲೋಟೇಪಂತೂ ಅಂಟಿಸ್ಲೇಬೇಡಿ, ಅದರ ಅಂಟು ತಿರುಗೋ ಹೆಡ್‌ಗೆ ಮೆತ್ಕೊಂಡ್ರೆ ಮೆಷೀನೂ ಹೋಯ್ತು, ಮುಂದಿನ ಕ್ಯಾಸೆಟ್ಟೂ ಹೋಯ್ತು.

ಈಗ ಒಂದೊಂದೇ ಕ್ಯಾಸೆಟ್ ತಗೊಂಡು ಮುಂದಿರೋ ಕಿಟಕಿಲಿ ಟಾರ್ಚ್ ಬಿಟ್ಟು ನೋಡಿ. ಟೇಪಿನ ಸುರುಳಿ ಅಂಚು ಕಪ್ಪಗೆ ನುಣ್ಣಗೆ ಕಂಡ್ರೆ ಒಳ್ಳೇದು. ಬಿಳೀ ಪುಡಿ ಥರ, ಹಿಟ್ಟು ಉದುರಿಸಿದ ಹಾಗೆ ಕಂಡ್ರೆ ಅದು ಬೂಷ್ಟು. ಸೋರೋ ಛಾವಣಿ ಕೆಳಗಿತ್ತು ಅಂದ್ರಲ್ಲ, ಕೆಲವಕ್ಕೆ ಇದ್ದೇ ಇರುತ್ತೆ. ಬೂಷ್ಟು ಹಿಡಿದಿದ್ದನ್ನ ಬೇರೆ ಡಬ್ಬಕ್ಕೆ ಹಾಕಿ, ಮಾಸ್ಕ್ ಹಾಕ್ಕೊಳಿ, ಒಣಗಿರೋ ತಣ್ಣಗಿರೋ ಕೋಣೇಲಿ ನೆಟ್ಟಗೆ ನಿಲ್ಲಿಸಿಡಿ, ಮಲಗಿಸ್ಬೇಡಿ. ಅಂಚಲ್ಲಿರೋ ಸಣ್ಣ ಪ್ಲಾಸ್ಟಿಕ್ ಕಿವಿ ಇನ್ನೂ ಇದ್ರೆ ಮುರ್ದುಬಿಡಿ, ಇಲ್ದಿದ್ರೆ ಯಾರಾದ್ರೂ ಮರೆತು ರೆಕಾರ್ಡ್ ಒತ್ತಿದ್ರೆ ಮುಗೀತು.

ಫಿಲ್ಮ್ ಡಬ್ಬಿ ಬಗ್ಗೆ ಒಂದು ಪ್ರಶ್ನೆ. ಮುಚ್ಚಳ ತೆಗೆದಾಗ ವಿನಿಗರ್ ವಾಸನೆ ಬಂತಾ?

ಹಾಸನದ_ಹುಡುಗ_ಟಿಪ್ಪರರಿ

ಒಂದರಲ್ಲಿ ಬಂತು ಸಾರ್, ಜೋರಾಗೇ. ಉಪ್ಪಿನಕಾಯಿ ಜಾಡಿ ತೆಗೆದ ಹಾಗೆ. ಇನ್ನೊಂದರಲ್ಲಿ ಇಲ್ಲ.

ಟೇಪ್_ಮಾಮ

ಹಾಗಾದ್ರೆ ಎರಡನ್ನೂ ಬೇರೆ ಬೇರೆ ಕೋಣೇಲಿಡಿ, ಇವತ್ತೇ. ಅಸಿಟೇಟ್ ಫಿಲ್ಮ್ ಕೊಳೆಯೋಕೆ ಶುರು ಆದ್ರೆ ಆ ಹುಳಿ ಆವಿ ಪಕ್ಕದ ಫಿಲ್ಮನ್ನೂ ಕೆಡಿಸುತ್ತೆ. ಮುಚ್ಚಳ ಗಾಳಿಯಾಡೋ ಹಾಗೆ ಸಡಿಲ ಮಾಡಿ. ಪ್ರೊಜೆಕ್ಟರ್‌ಗೆ ಮಾತ್ರ ಹಾಕ್ಬೇಡಿ, ಕೊಳೆತ ಫಿಲ್ಮ್ ಕುಗ್ಗಿರುತ್ತೆ, ಹಲ್ಲಿನ ಚಕ್ರಕ್ಕೆ ತೂತು ಕೂರಲ್ಲ, ಪರಪರ ಅಂತ ಹರಿದು ಹೋಗುತ್ತೆ. ಅಗಲ 16 ಮಿಮೀ ಇದ್ರೆ ಬೆಂಕಿ ಭಯ ಇಲ್ಲ, ಧಗ್ ಅಂತ ಹತ್ಕೊಳೋ ನೈಟ್ರೇಟ್ ಬಂದಿದ್ದು 35 ಮಿಮೀನಲ್ಲಿ. ಭೂತಗನ್ನಡಿ ಇದ್ರೆ ಅಂಚು ನೋಡಿ, ಕೊಡಾಕ್ ಆಗಿದ್ರೆ ಸಣ್ಣ ಚೌಕ, ಗುಂಡು, ತ್ರಿಕೋನ ಗುರುತು ಇರುತ್ತೆ. ಆ ಗುರುತಿಂದ ಫಿಲ್ಮ್ ತಯಾರಾದ ವರ್ಷ ಹೆಚ್ಚು ಕಮ್ಮಿ ಗೊತ್ತಾಗುತ್ತೆ, 20 ವರ್ಷಕ್ಕೊಂದ್ಸಲ ಅದೇ ಗುರುತು ಮತ್ತೆ ಬರೋದ್ರಿಂದ ಜೆರ್ಸಿ, ಕಾರು ನೋಡಿ ಯಾವ ಸುತ್ತಿಂದು ಅಂತ ತೀರ್ಮಾನ ಮಾಡ್ಬೇಕು.

ಧಾರವಾಡದಾಂವ

ಅಲ್ರೀ, ಒಂದು ಮಾತು ಕೇಳ್ತೇನಿ ತಪ್ಪು ತಿಳ್ಕೋಬ್ಯಾಡ್ರಿ. ಡಬ್ಲಿನ್ನಿನ ದೊಡ್ಡ ಮೈದಾನ ಕ್ರೋಕ್ ಪಾರ್ಕ್‌ದಾಗ ಜಿಎಎ ಮ್ಯೂಸಿಯಂ ಐತಿ, ನಾ ಹೋಗಿ ಬಂದೇನಿ, ಟಿವಿಯವ್ರ ಹತ್ರ ಎಲ್ಲಾ ಫೈನಲ್ ಇರ್ತಾವ. ಯೂನೆಸ್ಕೋದವ್ರು 2018ರಾಗ ಹರ್ಲಿಂಗ್ ಮತ್ತ ಹೆಂಗಸರು ಆಡೋ ಕಮೋಗಿನ ತಮ್ಮ ಪರಂಪರೆ ಪಟ್ಟಿಗೆ ಸೇರಿಸ್ಯಾರ. ಇಷ್ಟೆಲ್ಲಾ ಇರುವಾಗ ಒಂದು ಹಳ್ಳಿ ಜೂನಿಯರ್ ತಂಡದ ಮ್ಯಾಚ್ ಯಾರು ನೋಡ್ತಾರ? ಯೂಟ್ಯೂಬ್‌ಗೆ ಹಾಕಿ ಕೈ ತೊಳ್ಕೊಳ್ರಿ.

ಗಾಲ್ವೇ_ಮಲೆನಾಡು

ಧಾರವಾಡದಣ್ಣ, ಎಲ್ಲಾ ಫೈನಲ್ ಇದೆ ಅನ್ನೋದೇ ತಪ್ಪು ತಿಳುವಳಿಕೆ. ನಾನು ಇಲ್ಲಿ ಆರ್ಕೈವ್ ವಿಷಯ ಓದ್ತಿದೀನಿ, ಇದರ ಬಗ್ಗೆ ಬರೆಯೋಕೆ ಕೂತ್ರೆ ನಂಗೆ ನಿಲ್ಲಿಸೋಕೆ ಆಗಲ್ಲ, ಸ್ವಲ್ಪ ಸಹಿಸ್ಕೊಳಿ.

ಇಲ್ಲಿ ಟಿವಿ ಶುರು ಆಗಿದ್ದೇ 1961ರ ಡಿಸೆಂಬರ್ 31ರ ರಾತ್ರಿ. 1962ರಲ್ಲಿ ಆಲ್ ಐರ್ಲೆಂಡ್ ಫೈನಲ್‌ಗಳು, ಅಂದ್ರೆ ಹರ್ಲಿಂಗ್ ಮತ್ತೆ ಗೇಲಿಕ್ ಫುಟ್‌ಬಾಲಲ್ಲಿ ಕೌಂಟಿ ತಂಡಗಳ ದೇಶಮಟ್ಟದ ಫೈನಲ್‌ಗಳು, ಮೊದಲ ಸಲ ಲೈವ್ ಬಂದ್ವು. ಆಗ ರೆಕಾರ್ಡಿಂಗ್ ಆಗ್ತಿದ್ದಿದ್ದು ಎರಡಿಂಚು ಅಗಲದ ದೊಡ್ಡ ಟೇಪ್ ಮೇಲೆ, ಒಂದೊಂದಕ್ಕೆ ಭಾರೀ ದುಡ್ಡು. ಅದಕ್ಕೇ ಒಂದು ಕಾರ್ಯಕ್ರಮ ಮುಗಿದ ಮೇಲೆ ಅಳಿಸಿ ಅದರ ಮೇಲೇ ಇನ್ನೊಂದು. ಇಲ್ಲಿನ ಸರ್ಕಾರಿ ಟಿವಿ ಆರ್‌ಟಿಇ ಒಂದೇ ಅಂತಲ್ಲ, ಬಿಬಿಸಿಲೂ ಹೀಗೇ ಹೋಗಿವೆ. ಮ್ಯಾಚ್ ಮುಗೀತು, ಸ್ಕೋರ್ ಪೇಪರಲ್ಲಿ ಬಂತು, ಇನ್ನೊಂದ್ಸಲ ಯಾರು ನೋಡ್ತಾರೆ ಅನ್ನೋದು ಆಗಿನ ಯೋಚನೆ. ನೀವು ಈಗ ಕೇಳಿದ ಪ್ರಶ್ನೇನೇ ಅಣ್ಣ ಅದು.

ಹಾಗಾದ್ರೆ 40ರ, 50ರ, 60ರ ದಶಕದ ಆಟ ನಾವು ಇವತ್ತು ಹೇಗೆ ನೋಡ್ತಿದೀವಿ? ಟಿವಿಯಿಂದ ಅಲ್ಲ, ಹೆಚ್ಚಾಗಿ ಸಿನಿಮಾ ಫಿಲ್ಮಿಂದ. 1943ರಲ್ಲಿ ಶುರುವಾದ ನ್ಯಾಷನಲ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನವರು 40ರ ದಶಕದ ಕೊನೇಲಿ ಫೈನಲ್‌ಗಳನ್ನ ಫಿಲ್ಮಲ್ಲಿ ತೆಗೆಯೋಕೆ ಶುರು ಮಾಡಿದ್ರು, ಇಡೀ ಮ್ಯಾಚ್ ಅಲ್ಲ, ಮುಖ್ಯ ಭಾಗಗಳಷ್ಟೇ. ಅವನ್ನ ಪ್ಯಾರಿಷ್ ಹಾಲ್‌ಗಳಲ್ಲೆಲ್ಲ, ಅಂದ್ರೆ ಊರೂರಿನ ಚರ್ಚ್ ಹಾಲ್‌ಗಳಲ್ಲಿ, ತೋರಿಸ್ತಿದ್ರು. ಆಮೇಲೆ ಗೇಲ್ ಲಿನ್ ಅನ್ನೋ ಸಂಸ್ಥೆ 1956ರಿಂದ 1964ರವರೆಗೆ ಐರಿಷ್ ಭಾಷೇಲಿ ಒಂದು ವಾರ್ತಾಚಿತ್ರ ತೆಗೀತು, ಥಿಯೇಟರಲ್ಲಿ ಸಿನಿಮಾಗೆ ಮುಂಚೆ ಬರ್ತಿತ್ತು, ಅದರಲ್ಲೂ ಆಟ ಇದೆ. ಅದೇ ಗೇಲ್ ಲಿನ್ 1964ರಲ್ಲಿ ಕಾರ್ಕ್‌ನ ಕ್ರಿಸ್ಟಿ ರಿಂಗ್ ಅನ್ನೋ ಹರ್ಲಿಂಗ್ ಆಟಗಾರನ ಮೇಲೆ ಒಂದು ಚಿತ್ರ ಮಾಡಿಸ್ತು, ಲೂಯಿ ಮಾರ್ಕಸ್ ನಿರ್ದೇಶನ. ಎಂಟು ಆಲ್ ಐರ್ಲೆಂಡ್ ಪದಕ ಗೆದ್ದ ಮನುಷ್ಯ ಕೋಲು ಹೇಗೆ ಹಿಡೀತಿದ್ದ, ಮಣಿಕಟ್ಟು ಹೇಗೆ ತಿರುಗಿಸ್ತಿದ್ದ ಅನ್ನೋದು ಬಣ್ಣದಲ್ಲಿ, ಹತ್ತಿರದಿಂದ ಉಳಿದಿದ್ದು ಆ ಒಂದು ಚಿತ್ರದ ಪುಣ್ಯ.

ಈಗ ಇವುಗಳನ್ನ ಕಾಪಾಡ್ತಿರೋದು ಡಬ್ಲಿನ್‌ನ ಟೆಂಪಲ್ ಬಾರ್ ಹತ್ರ ಇರೋ ಐರಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್, ಹಳೇ ನ್ಯಾಷನಲ್ ಫಿಲ್ಮ್ ಇನ್‌ಸ್ಟಿಟ್ಯೂಟೇ ಬೆಳೆದು ಇದಾಗಿದ್ದು. 2016ರಿಂದ ಆನ್‌ಲೈನ್ ಪ್ಲೇಯರ್ ಇದೆ, ಯಾವ ದೇಶದಲ್ಲಿದ್ರೂ ಫ್ರೀಯಾಗಿ ನೋಡಬಹುದು, ಜಿಎಎ ಸಂಗ್ರಹಾನೇ ಬೇರೆ ಇದೆ. ನೋಡಿ ಒಂದ್ಸಲ.

ಆದ್ರೆ ಅದೆಲ್ಲ ಹೆಚ್ಚಾಗಿ ಫೈನಲ್. ಆಗಿನ ಲೆಕ್ಕದಲ್ಲಿ ಸೆಪ್ಟೆಂಬರ್‌ನ ಎರಡು ಭಾನುವಾರ. ಮಿಕ್ಕ ಐವತ್ತು ಭಾನುವಾರ ಈ ದೇಶದ ಎಲ್ಲಾ ಪ್ಯಾರಿಷ್‌ಗಳಲ್ಲಿ ನಡೆದ ಆಟ ಬಹುಪಾಲು ಯಾವ ಆರ್ಕೈವಲ್ಲೂ ಇಲ್ಲ. ಅದಿರೋದು ಬಾಳೆಹಣ್ಣಿನ ಡಬ್ಬದಲ್ಲೇ.

ಧಾರವಾಡದಾಂವ

ತಂಗಿ, ಇಷ್ಟು ಗೊತ್ತಿರಲಿಲ್ಲ ನನಗ. ಅಳಿಸಿ ಮ್ಯಾಲ ರೆಕಾರ್ಡ್ ಮಾಡಿದ್ದು ಓದಿ ಹೊಟ್ಯಾಗ ಕಸಿವಿಸಿ ಆತು. ನನ್ನ ಮಾತು ವಾಪಸ್ ತಗೋತೇನಿ. ಹೇಳ್ರಿ, ನಾ ಏನರ ಮಾಡಬಹುದಾದ್ರ ಮಾಡ್ತೇನಿ, ಶನಿವಾರ ಆಯ್ತವಾರ ಖಾಲಿ ಇರ್ತೇನಿ, ಕಾರ್ ಐತಿ.

ಕಡಲ್_ಕಾರ್ಕ್

ನಾನು ಕಾರ್ಕಿನಲ್ಲಿ ನರ್ಸ್, ಊರು ಉಡುಪಿ ಹತ್ರ. ಓದಿ ಸುಮ್ನೆ ಕೂತ್ಕೊಳ್ಳಿಕ್ಕೆ ಆಗ್ಲಿಲ್ಲ ಮಾರಾಯ್ರೆ, ಎರಡು ವಿಷಯ ಹೇಳ್ಬೇಕು.

ಒಂದು, ಹರ್ಲಿಂಗಿಗಾದ್ರೂ ಫೈನಲ್ ಉಂಟು. ಇಲ್ಲಿ ಕಾರ್ಕಿನಲ್ಲಿ ರೋಡ್ ಬೌಲಿಂಗ್ ಅಂತ ಉಂಟು, ಮತ್ತೆ ಉತ್ತರದಲ್ಲಿ ಅರ್ಮಾದಲ್ಲಿ. 28 ಔನ್ಸಿನ ಕಬ್ಬಿಣದ ಗುಂಡು, ಅಂದ್ರೆ 800 ಗ್ರಾಂ ಹತ್ರ, ಹಳ್ಳಿ ರಸ್ತೆಯಲ್ಲಿ ಓಡಿ ಬಂದು ಎಸೆಯೋದು, ಕಮ್ಮಿ ಎಸೆತದಲ್ಲಿ ಮೈಲುಗಟ್ಟಲೆ ದೂರ ಯಾರು ಮುಗಿಸ್ತಾರೆ ಅವರು ಗೆದ್ದ ಹಾಗೆ. ಇದಕ್ಕೆ ಸ್ಟೇಡಿಯಂ ಇಲ್ಲ, ಗೇಟ್ ಇಲ್ಲ, ಜನ ಗುಂಡಿನ ಹಿಂದೆ ನಡ್ಕೊಂಡೇ ಹೋಗೋದು. ಕಾರ್ಕ್ ನಗರದ ಹೊರಗೆ ಚೆಟ್ವಿಂಡ್ ಅಂತ ಹಳೇ ರೈಲ್ವೆ ಸೇತುವೆ ಉಂಟು, ರಸ್ತೆ ಮೇಲೆ ಎತ್ತರಕ್ಕೆ ಹೋಗ್ತದೆ. 1955ರಲ್ಲಿ ಮಿಕ್ ಬ್ಯಾರಿ ಅನ್ನುವವರು 16 ಔನ್ಸಿನ ಹಗುರ ಗುಂಡನ್ನು ಆ ಸೇತುವೆ ದಾಟಿ ಆಚೆ ಬೀಳುವ ಹಾಗೆ ಎಸೆದದ್ದು, ಈಗ್ಲೂ ಬಸ್ಸಿನಲ್ಲಿ ಹೋಗುವಾಗ ಜನ ಬೆರಳು ತೋರಿಸಿ ಹೇಳ್ತಾರೆ. ಆದ್ರೆ ಇಂಥ ಆಟವನ್ನು ಕ್ಯಾಮೆರಾ ಇಟ್ಟು ಯಾರು ತೆಗೀಲಿಕ್ಕೆ ಬರ್ತಾರೆ? ಯಾರದ್ದೋ ಕಾರಿನ ಕಿಟಕಿಯಿಂದ ತೆಗೆದ ಹೋಮ್ ವಿಡಿಯೋನೇ ದಾಖಲೆ.

ಎರಡನೇದು ನನ್ನ ಕೆಲಸದ ಜಾಗದ್ದು. ನಾನು ಇರುವ ಕೇರ್ ಹೋಮಿನಲ್ಲಿ ಒಬ್ರು ಅಜ್ಜಿ ಇದ್ರು, ಮೊಮ್ಮಕ್ಕಳ ಹೆಸರೂ ಮರೆತು ಹೋಗ್ತಿತ್ತು. ಹರೆಯದಲ್ಲಿ ಕಮೋಗಿ ಆಡಿದವರಂತೆ. ಕಮೋಗಿ ಅಂದ್ರೆ ಹೆಂಗಸರ ಹರ್ಲಿಂಗ್, 1904ರಿಂದ ಉಂಟು, 1999ರವರೆಗೆ ತಂಡಕ್ಕೆ 12 ಜನವೇ. ಡಬ್ಲಿನಿನ ಕ್ಯಾಥ್ಲೀನ್ ಮಿಲ್ಸ್ 15 ಆಲ್ ಐರ್ಲೆಂಡ್ ಪದಕ ಗೆದ್ದವರು, ಅಷ್ಟು ದೊಡ್ಡ ಹೆಸರಿನವರ ಆಟ ನೋಡ್ಬೇಕಂತ ಹುಡುಕಿದ್ರೆ ನಂಗೆ ಕಣ್ತುಂಬ ನೋಡುವಷ್ಟು ಎಂತದೂ ಸಿಕ್ಲಿಲ್ಲ. ಇರ್ಲಿ, ಅಜ್ಜಿಯ ಮಗಳು ಒಂದು ಹಳೇ ಹೋಮ್ ಮೂವಿ, ಶಬ್ದ ಇಲ್ಲದ್ದು, ಟ್ಯಾಬ್ಲೆಟಿನಲ್ಲಿ ಹಾಕಿ ತಂದ್ರು. ನಾನು ಪಕ್ಕದಲ್ಲಿ ಬಿಪಿ ನೋಡ್ತಿದ್ದೆ. ಉದ್ದ ಸ್ಕರ್ಟ್ ಹಾಕಿದ ಹುಡುಗಿಯರು, ಮುಖವೆಲ್ಲ ಬಿಳಿ ಬಿಳಿ, ಯಾರಂತ ಗೊತ್ತಾಗುವ ಹಾಗೇ ಇಲ್ಲ. ಅಜ್ಜಿ ಬೆರಳಿಟ್ಟು ಒಬ್ಬೊಬ್ಬರ ಹೆಸರು ಹೇಳ್ಲಿಕ್ಕೆ ಶುರು ಮಾಡಿದ್ರು! ಹೇಗೆ ಗೊತ್ತಾಯ್ತು ಅಂತ ಮಗಳು ಕೇಳಿದ್ದಕ್ಕೆ, ಕೋಲು ಹಿಡಿಯುವ ಕೈ ನೋಡು, ಇವಳು ಎಡಗೈ ಕೆಳಗೆ ಹಿಡೀತಾಳೆ, ಅವಳು ಹೊಡೆಯುವ ಮುಂಚೆ ಹಿಮ್ಮಡಿ ಎತ್ತುತ್ತಾಳೆ ಅಂದ್ರು. ಹನ್ನೊಂದು ಹೆಸರು. ನನ್ನ ಕೈಯಲ್ಲಿದ್ದ ಪೇಪರ್ ಟವೆಲ್ ಮೇಲೆ ಬರ್ಕೊಂಡೆ, ಮಗಳಿಗೆ ಕೊಟ್ಟೆ. ಆ ಚಳಿಗಾಲ ಅಜ್ಜಿ ತೀರಿಕೊಂಡ್ರು.

ಹಾಗಾಗಿ ಹಾಸನದ ತಮ್ಮ, ಡಿಜಿಟಲ್ ಮಾಡುದು ಮಾಡಿ, ಆದ್ರೆ ಆ ಕ್ಯಾಸೆಟಿನಲ್ಲಿರುವವರ ಹೆಸರು ಗೊತ್ತಿರುವವರು ಈಗ ಎಷ್ಟು ಜನ ಬದುಕಿದ್ದಾರೆ ನೋಡಿ. ಟೇಪು ಇನ್ನೆರಡು ವರ್ಷ ಕಾಯ್ತದೋ ಏನೋ, ಅವರು ಕಾಯುದಿಲ್ಲ.

ಹಾಸನದ_ಹುಡುಗ_ಟಿಪ್ಪರರಿ

ಅಕ್ಕ, ಓದ್ತಾ ಓದ್ತಾ ಗಂಟಲು ಕಟ್ತು. ನಮ್ಮ ಕ್ಲಬ್ಬಲ್ಲಿ ಗೇಟ್ ಹತ್ರ ಟಿಕೆಟ್ ಹರಿಯೋ ಒಬ್ರು ತಾತ ಇದಾರೆ, 87 ವರ್ಷ. ಅವರನ್ನ ಈ ವಾರಾನೇ ಮಾತಾಡಿಸ್ತೀನಿ.

ಟೇಪ್ ಮಾಮ ಸಾರ್, ಟಾರ್ಚ್ ಹಾಕಿ ನೋಡ್ದೆ. ಆರರಲ್ಲಿ ಬಿಳೀ ಪುಡಿ ಇದೆ, ಬೇರೆ ಇಟ್ಟಿದೀನಿ. ಒಂದು ಅಂಗಡಿಯವರು ಕ್ಯಾಸೆಟ್ಟಿಗೆ ಇಷ್ಟು ಅಂತ ತಗೊಂಡು ಪೆನ್‌ಡ್ರೈವಿಗೆ ಹಾಕ್ಕೊಡ್ತೀವಿ ಅಂತಿದಾರೆ, ಕೊಡ್ಲಾ?

ಟೇಪ್_ಮಾಮ

ಕೊಡೋ ಮುಂಚೆ ಇದನ್ನ ಓದಿ. ನಮ್ಮ ಅಳಿಯನ ಮನೆಯವರು ಅಂಥದ್ದೇ ಒಂದು ಕಡೆ 20 ಕ್ಯಾಸೆಟ್ ಕೊಟ್ರು. ಬಂದಿದ್ದು 19. ಆ ಒಂದು ಎಲ್ಲಿ ಅಂದ್ರೆ ನೀವು ಕೊಟ್ಟಿದ್ದೇ 19 ಅಂದ್ರು, ರಸೀತಿಲಿ ಎಣಿಕೆ ಬರೆಸಿರ್ಲಿಲ್ಲ, ಮಾತಾಡೋಕೆ ಬಾಯಿ ಇಲ್ದಂಗಾಯ್ತು. ಅಂಗಡಿ ಹೆಸರು ಹೇಳಲ್ಲ, ಆದ್ರೆ ಕೊಡೋದಾದ್ರೆ ಪ್ರತಿ ಕ್ಯಾಸೆಟ್ಟಿಗೂ ನಂಬರ್ ಹಾಕಿ, ಮುಂದೆ ಹಿಂದೆ ಬೆನ್ನು ಮೂರೂ ಕಡೆ ಫೋಟೋ ತೆಗೆದು, ಪಟ್ಟಿಗೆ ಸಹಿ ಹಾಕಿಸ್ಕೊಂಡು ಕೊಡಿ. ಲೇಬಲ್ ಕಿತ್ತು ಹೊಸದು ಅಂಟಿಸ್ಬೇಡಿ, ಆ ಕೈಬರಹವೇ ಒಂದು ಸಾಕ್ಷಿ.

ಇನ್ನೊಂದು ದೊಡ್ಡ ವಿಷಯ, ಹರ್ಲಿಂಗ್ ಅಂದ್ರಿ ಅಂತ ವಿಶೇಷವಾಗಿ ಹೇಳ್ತಿದೀನಿ. ಇಲ್ಲಿನ ವಿಎಚ್‌ಎಸ್ ಪ್ಯಾಲ್ ಅನ್ನೋ ಟಿವಿ ಪದ್ಧತೀದು. ಅದರಲ್ಲಿ ಸೆಕೆಂಡಿಗೆ 25 ಫ್ರೇಮ್ ಅಂತಾರೆ, ಆದ್ರೆ ಒಂದೊಂದು ಫ್ರೇಮೂ ಎರಡು ಅರ್ಧ, ಫೀಲ್ಡ್ ಅಂತೀವಿ, ಬೆಸ ಗೆರೆ ಒಂದ್ಸಲ ಸಮ ಗೆರೆ ಒಂದ್ಸಲ. ಅಂದ್ರೆ ಚಲನೆಯ ಲೆಕ್ಕದಲ್ಲಿ ಸೆಕೆಂಡಿಗೆ 50 ಕ್ಷಣ ಅದರಲ್ಲಿದೆ. ಅಗ್ಗದ ಯುಎಸ್‌ಬಿ ಡಬ್ಬಿಗಳು ಇದನ್ನ ಕಲಸಿ 25 ಮಾಡಿ ಅರ್ಧ ಎಸೆದುಬಿಡ್ತವೆ. ಮದುವೆ ವಿಡಿಯೋಗೆ ಪರ್ವಾಗಿಲ್ಲ, ಅಲ್ಲಿ ಧಾರೆ ಎರೆಯೋದು ನಿಧಾನ. ಇಲ್ಲಿ ಚೆಂಡು ಗಂಟೆಗೆ 150 ಕಿಮೀ ವೇಗದಲ್ಲಿ ಹೋಗ್ತಿರುತ್ತೆ, ಅರ್ಧ ಎಸೆದ್ರೆ ಹುಡುಗ ಕೋಲು ಬೀಸೋದು ಕಾಣುತ್ತೆ, ಚೆಂಡು ಕಾಣಲ್ಲ, ಆಮೇಲೆ ಬಲೆ ಅಲ್ಲಾಡೋದು ಕಾಣುತ್ತೆ. ಅದಕ್ಕೇ ಮೊದ್ಲು ಇದ್ದಿದ್ದನ್ನ ಇದ್ದ ಹಾಗೇ, ಗೆರೆಗೆರೆಯಾಗೇ, ಏನೂ ಕುಗ್ಗಿಸದೇ ಹಿಡೀಬೇಕು. ಎಫ್‌ಎಫ್‌ವಿ1 ಅಂತ ವಿಡಿಯೋ ಉಳಿಸೋ ಒಂದು ಬಗೆ ಇದೆ, ಫ್ರೀ, ಆರ್ಕೈವ್‌ಗಳು ಬಳಸೋದು, ಗಂಟೆಗೆ ಹೆಚ್ಚು ಕಮ್ಮಿ 30 ಜಿಬಿ ತಿನ್ನುತ್ತೆ. ಅದು ಮೂಲ. ಅದರಿಂದ ಆಮೇಲೆ 50 ಫ್ರೇಮಿನ ಸಣ್ಣ ಎಂಪಿ4 ಮಾಡಿ ಜನರಿಗೆ ಕೊಡಿ.

ನನ್ ಹತ್ರ ಒಂದು ಒಳ್ಳೇ ಎಸ್-ವಿಎಚ್‌ಎಸ್ ಡೆಕ್ ಇದೆ, ಚಿತ್ರದ ಅಲುಗಾಟ ಸರಿ ಮಾಡೋ ಟೈಮ್ ಬೇಸ್ ಕರೆಕ್ಟರ್ ಜೊತೆ. 2016ರಲ್ಲಿ ಕೊನೇ ಕಂಪನಿನೂ ವಿಸಿಆರ್ ಮಾಡೋದು ನಿಲ್ಲಿಸ್ತು, ಈಗಿರೋದೆಲ್ಲ ಹಳೇ ಮೆಷೀನೇ, ರಬ್ಬರ್ ಗಾಲಿ ಹೋದ್ರೆ ಪಾರ್ಟ್ ಸಿಗಲ್ಲ. ಆಸ್ಟ್ರೇಲಿಯಾದ ರಾಷ್ಟ್ರೀಯ ಫಿಲ್ಮ್ ಆರ್ಕೈವ್‌ನವರು 2015ರಲ್ಲೇ ಎಚ್ಚರಿಸಿದ್ರು, 2025ರೊಳಗೆ ಡಿಜಿಟಲ್ ಆಗದ ಟೇಪು ಬಹುಪಾಲು ಹೋದ ಹಾಗೇ ಅಂತ. ಆ ಗಡುವು ದಾಟಿ ಆಯ್ತು. ಡಬ್ಬ ಡಬ್ಲಿನ್‌ಗೆ ತನ್ನಿ, ನಾನೇ ಮಾಡ್ತೀನಿ, ದುಡ್ಡು ಬೇಡ. ಹಾರ್ಡ್‌ಡ್ರೈವ್ ಮಾತ್ರ ನಿಮ್ದು, ಎರಡು ತನ್ನಿ, ಒಂದು ಕ್ಲಬ್ಬಿಗೆ, ಒಂದು ಬೇರೆ ಊರಲ್ಲಿ ಇಡೋಕೆ.

ಧಾರವಾಡದಾಂವ

ಡಬ್ಬ ತರೂದು ನನಗ ಬಿಡ್ರಿ. ಶನಿವಾರ ಥರ್ಲ್ಸ್‌ಗೆ ಬರ್ತೇನಿ.

ಗಾಲ್ವೇ_ಮಲೆನಾಡು

ಎಷ್ಟು ಖುಷಿ ಆಯ್ತು ಗೊತ್ತಾ ಇದನ್ನ ನೋಡಿ.

ಹಕ್ಕಿನ ವಿಷಯ ಹೇಳ್ಬಿಡ್ತೀನಿ. ಕ್ಯಾಸೆಟ್ ಕ್ಲಬ್ಬಿನದೇ ಆದ್ರೂ ಒಳಗಿನ ಚಿತ್ರದ ಹಕ್ಕು ತೆಗೆದವರದ್ದು. ತೆಗೆದವರು ಇದ್ರೆ, ಇಲ್ಲಾ ಅವರ ಮಕ್ಕಳಿದ್ರೆ, ಒಂದು ಪತ್ರದಲ್ಲಿ ಒಪ್ಪಿಗೆ ಬರೆಸ್ಕೊಳಿ, ಊರಲ್ಲಿ ಯಾರೂ ಬೇಡ ಅನ್ನಲ್ಲ. ಟಿವಿಯಿಂದ ರೆಕಾರ್ಡ್ ಮಾಡ್ಕೊಂಡಿದ್ದು ಬೇರೆ ಕಥೆ, ಅದನ್ನ ಯೂಟ್ಯೂಬಿಗೆ ಹಾಕ್ಬೇಡಿ, ಹಾಗಂತ ಅಳಿಸ್ಲೂಬೇಡಿ, ಟಿವಿಯವರ ಹತ್ರ ಇಲ್ದೇ ಇರೋದು ಮನೆಯವರು ರೆಕಾರ್ಡ್ ಮಾಡಿದ್ದರಲ್ಲಿ ಸಿಕ್ಕಿರೋ ಉದಾಹರಣೆ ಬೇರೆ ಬೇರೆ ದೇಶದಲ್ಲಿ ಇದಾವೆ. ಮಕ್ಕಳ ಮ್ಯಾಚ್ ಇದ್ರೆ ಅವರು ಈಗ 40 ವರ್ಷದವರಾಗಿದ್ರೂ ಕೇಳಿ ಹಾಕೋದು ಒಳ್ಳೇದು.

ಫಿಲ್ಮ್ ಡಬ್ಬಿ ಎರಡಕ್ಕೂ ಐರಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನ ಆರ್ಕೈವಿಗೆ ಮೇಲ್ ಬರೀರಿ, ಫೋಟೋ ಹಾಕಿ. ಮನೇಲಿ ಮಾಡೋ ಕೆಲಸ ಅಲ್ಲ ಅದು.

ವರ್ಷ ಗೊತ್ತಿಲ್ಲದ ಕ್ಯಾಸೆಟ್ಟಿಗೆ ಒಂದು ಉಪಾಯ. "2-9, 1-11" ಅಂತ ಇದೆಯಲ್ಲ, 2 ಗೋಲು 9 ಪಾಯಿಂಟು ಅಂದ್ರೆ 15, ಎದುರಿನವರು 14, ಒಂದೇ ಪಾಯಿಂಟಿನ ಗೆಲುವು. ಇಂಥದ್ದನ್ನ ಊರಿನ ಪೇಪರ್ ಬಿಟ್ಟಿರಲ್ಲ. ಕೌಂಟಿ ಲೈಬ್ರರಿಲಿ ಹಳೇ ಸ್ಥಳೀಯ ಪೇಪರ್ ಮೈಕ್ರೋಫಿಲ್ಮಲ್ಲಿ ಇರುತ್ತೆ, ಸ್ಕೋರ್ ಹಿಡ್ಕೊಂಡು ಹುಡುಕಿದ್ರೆ ತಾರೀಖು, ಮೈದಾನ, ಮೂವತ್ತೂ ಆಟಗಾರರ ಹೆಸರು ಒಟ್ಟಿಗೇ ಸಿಗುತ್ತೆ.

ಹರ್ಲಿ_ಅಪ್ಪ

ತಡವಾಗಿ ಬಂದೆ. ಲಿಮರಿಕ್‌ನಲ್ಲಿ ಅಂಡರ್-12 ಮಕ್ಕಳಿಗೆ ಕೋಚಿಂಗ್ ಮಾಡ್ತೀನಿ, ಮಂಡ್ಯದವನು. ಹಳೇ ಮ್ಯಾಚ್ ನೋಡೋದು ನೆನಪಿಗೋಸ್ಕರ ಅಷ್ಟೇ ಅಂತ ಅಂದ್ಕೋಬೇಡಿ, ಆಟವೇ ಅದರಲ್ಲಿದೆ. ಈಗಿನ ಹುಡುಗರು ಚೆಂಡು ಎತ್ತಿ ಕೈಗೆ ತಗೊಂಡೇ ಹೊಡೀತಾರೆ. ಹಳೇ ಫಿಲ್ಮಲ್ಲಿ ನೋಡಿ, ನೆಲದ ಮೇಲೆ ಉರುಳ್ತಿರೋ ಚೆಂಡಿಗೆ ನಿಲ್ಲದೇನೇ ಬೀಸ್ತಾರೆ, ಗಾಳೀಲಿ ಬರ್ತಿರೋದಕ್ಕೆ ತಲೆ ಮೇಲಿಂದ್ಲೇ ಬೀಸ್ತಾರೆ. ಆ ಹೊಡೆತ ಮೈದಾನದಲ್ಲಿ ಹೆಚ್ಚು ಕಮ್ಮಿ ಕಾಣೆಯಾಗಿದೆ. ಬಾಯಲ್ಲಿ ಹೇಳಿ ಮಕ್ಕಳಿಗೆ ಕಲಿಸೋಕೆ ಆಗಲ್ಲ, ಕಾಲು ಎಲ್ಲಿಡ್ಬೇಕು, ಸೊಂಟ ಯಾವಾಗ ತಿರುಗುತ್ತೆ ಅಂತ ನೋಡ್ಲೇಬೇಕು. ನಾನು ಫೋನಲ್ಲಿ ಒಂದು 50ರ ದಶಕದ ತುಣುಕು ನಿಧಾನ ಮಾಡಿ ತೋರಿಸ್ತೀನಿ, ಹುಡುಗರು ಬಾಯಿ ಬಿಟ್ಕೊಂಡು ನೋಡ್ತಾರೆ, ಆಮೇಲೆ ಅರ್ಧ ಗಂಟೆ ನೆಲದ ಹೊಡೆತವೇ ಆಡ್ತಾರೆ.

ಕೋಲಿನ ಆಕಾರ ಕೂಡ. ಆಗ ತುದಿ ಸಣ್ಣ, ಈಗ ಅಗಲ. ಹೆಲ್ಮೆಟ್ 2010ರಿಂದ ಎಲ್ಲರಿಗೂ ಕಡ್ಡಾಯ, ಅದಕ್ಕೆ ಮುಂಚಿನ ವಿಡಿಯೋದಲ್ಲಿ ಮುಖ ಕಾಣುತ್ತೆ, ಭಯ, ಕೋಪ, ನಗು ಎಲ್ಲ. 2012ರಲ್ಲಿ ಆಶ್ ಮರಕ್ಕೆ ರೋಗ ಬಂತು, ಒಣಗ್ತಾನೇ ಇವೆ, ಕೋಲು ಮಾಡೋರು ಈಗ ಬಿದಿರು, ಪ್ಲಾಸ್ಟಿಕ್ ಕಡೆ ಹೋಗ್ತಿದಾರೆ. ಆಶ್ ಕೋಲಿಗೆ ಆಶ್ ಕೋಲು ಬಡಿದಾಗ ಬರೋ ಆ ಸದ್ದಿದೆಯಲ್ಲ, ಅದೂ ನಿಮ್ಮ ಕ್ಯಾಸೆಟ್ಟಲ್ಲಿದೆ. ಆಡಿಯೋ ಕಳೀಬೇಡಿ, ಮೇಲೆ ಮ್ಯೂಸಿಕ್ ಹಾಕ್ಬೇಡಿ.

ಕಡಲ್_ಕಾರ್ಕ್

ಸದ್ದು ಅಂದಾಗ ನೆನಪಾಯ್ತು. 1947ರ ಗೇಲಿಕ್ ಫುಟ್‌ಬಾಲ್ ಫೈನಲ್ ನ್ಯೂಯಾರ್ಕಿನ ಪೋಲೋ ಗ್ರೌಂಡ್ಸಿನಲ್ಲಿ ಆದದ್ದು, ದೊಡ್ಡ ಬರಗಾಲದ ನೂರನೇ ವರ್ಷದ ನೆನಪಿಗೆ, ಕ್ಯಾವನ್ ಮತ್ತು ಕೆರಿ ಕೌಂಟಿಗಳ ನಡುವೆ. ರೇಡಿಯೋದಲ್ಲಿ ಮೀಹಾಲ್ ಓಹೇರ್ ಕಾಮೆಂಟರಿ. ಲೈನು ಬುಕ್ ಮಾಡಿದ ಸಮಯ ಮುಗೀತಾ ಬಂತು, ಮ್ಯಾಚ್ ಮುಗೀಲಿಲ್ಲ, ಇನ್ನೈದು ನಿಮಿಷ ಲೈನ್ ಕಟ್ ಮಾಡ್ಬೇಡಿ ಅಂತ ಅವರು ಕಾಮೆಂಟರಿ ಮಧ್ಯದಲ್ಲೇ ಬೇಡಿಕೊಂಡ್ರು. ಯಾರೋ ಗುರುತಿಲ್ಲದವರು ಆ ಲೈನ್ ಹಾಗೇ ಬಿಟ್ರು. ಇಲ್ಲಿ ಹಿರಿಯರು ಅದನ್ನು ನಿನ್ನೆ ಕೇಳಿದ ಹಾಗೆ ಹೇಳ್ತಾರೆ.

ಹಾಸನದ_ಹುಡುಗ_ಟಿಪ್ಪರರಿ (ಮೂರು ತಿಂಗಳ ನಂತರ)

ಎಲ್ಲರಿಗೂ ಹೇಳ್ಬೇಕಾಗಿರೋದು ತುಂಬಾ ಇದೆ.

58ರಲ್ಲಿ 41 ಕ್ಯಾಸೆಟ್ ಆಯ್ತು. ಟೇಪ್ ಮಾಮ ಸಾರ್ ಮತ್ತು ಅವರ ಮಗಳ ಮನೆ ಡೈನಿಂಗ್ ಟೇಬಲ್‌ಗೆ ನಾನು ಋಣಿ. ಬೂಷ್ಟಿನ ಆರು ಬೇರೆ ಕಡೆ ಶುಚಿ ಮಾಡೋಕೆ ಹೋಗಿವೆ, 11 ಬಾಕಿ. ನುಂಗಿದ ಕ್ಯಾಸೆಟ್ಟಲ್ಲಿ ಹೋಗಿದ್ದು ಒಂಬತ್ತು ಸೆಕೆಂಡು ಅಷ್ಟೇ. ಒಂದರಲ್ಲಿ ಮಾತ್ರ ಮೊದಲ ಅರ್ಧದ ಮೇಲೆ ಯಾರೋ ಟಿವಿ ಧಾರಾವಾಹಿ ರೆಕಾರ್ಡ್ ಮಾಡಿದಾರೆ, ಧಾರಾವಾಹಿ ನಿಂತ ಜಾಗದಲ್ಲಿ ಕ್ಲಬ್ಬಿನ ಹುಡುಗ ಕೋಲೆತ್ತಿರೋದು ಥಟ್ಟಂತ ಬರುತ್ತೆ. ಆ ಕ್ಷಣಕ್ಕಿಂತ ಮುಂಚಿಂದು ಎಲ್ಲೂ ಇಲ್ಲ.

"2-9, 1-11" ಸಿಕ್ತು. ಲೇಬಲ್ಲಲ್ಲಿ ಯಾರೋ ಆಮೇಲೆ ಪೆನ್ಸಿಲಲ್ಲಿ 1986 ಅಂತ ಬರೆದಿದ್ರು, ಪೇಪರ್ ನೋಡಿದ್ರೆ 1988. ಧಾರವಾಡದಣ್ಣ ಎರಡು ಶನಿವಾರ ನನ್ನ ಜೊತೆ ಲೈಬ್ರರಿಲಿ ಕೂತು ಮೈಕ್ರೋಫಿಲ್ಮ್ ತಿರುಗಿಸಿದ್ರು.

ಫಿಲ್ಮ್ ಡಬ್ಬಿಲಿ ವಿನಿಗರ್ ವಾಸನೆ ಇಲ್ದೇ ಇದ್ದಿದ್ದು ಒಂದು ಫೈನಲ್‌ನ ಪ್ರಿಂಟ್, ಆರ್ಕೈವಲ್ಲಿ ಅದಕ್ಕಿಂತ ಒಳ್ಳೇ ಪ್ರತಿ ಇದೆಯಂತೆ. ವಾಸನೆ ಬರ್ತಿದ್ದಿದ್ದು ನಮ್ಮದೇ ಮೈದಾನ. ಮೈದಾನ ಉದ್ಘಾಟನೆ ದಿನ, ಪಾದ್ರಿ ಚೆಂಡು ಎಸೀತಾರೆ, ಬೇಲಿ ಮೇಲೆ ಸಾಲಾಗಿ ಕೂತ ಮಕ್ಕಳು, ಆಮೇಲೆ ಎರಡು ನಿಮಿಷ ಕಮೋಗಿ! ಕಾರ್ಕ್ ಅಕ್ಕ, ನಿಮ್ಮನ್ನ ನೆನೆಸ್ಕೊಂಡೆ. ಒಟ್ಟು ಎಂಟು ನಿಮಿಷದಲ್ಲಿ ಕೊನೇ ಒಂದೂವರೆ ನಿಮಿಷ ಸುರುಳಿ ಅಂಟಿ ಹಾಳಾಗಿದೆ, ಮಿಕ್ಕಿದ್ದು ಬಂತು.

ಕ್ಲಬ್‌ಹೌಸಲ್ಲಿ ಗುರುವಾರ ಗುರುವಾರ ತೋರಿಸ್ತಿದೀವಿ, ಚಹಾ ಬಿಸ್ಕೆಟ್ ಇಟ್ಟು. ಮೊದಲ ವಾರ 14 ಜನ, ಕಳೆದ ವಾರ ಕುರ್ಚಿ ಸಾಲಲಿಲ್ಲ. ಗೇಟ್ ತಾತ ಮುಂದೆ ಕೂರ್ತಾರೆ, ನಾನು ಲ್ಯಾಪ್‌ಟಾಪ್ ಹಿಡ್ಕೊಂಡು ಪಕ್ಕದಲ್ಲಿ, ಅವರು ಕೋಲಲ್ಲಿ ಪರದೆ ತಟ್ಟಿದ ಕಡೆ ನಿಲ್ಲಿಸ್ತೀನಿ, ಹೆಸರು ಬರೀತೀನಿ, ನಿಮಿಷ ಸೆಕೆಂಡ್ ಸಮೇತ. ಹೋದ ವಾರ ಸೈಡ್‌ಲೈನಲ್ಲಿ ಕೋಟು ಹಾಕ್ಕೊಂಡು ಕೂಗ್ತಿರೋ ಹೆಂಗಸಿನ ಹತ್ರ ತಟ್ಟಿದ್ರು, ಏನೂ ಹೇಳ್ಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ ಹಿಂದಿಂದ ಯಾರೋ ಮೆಲ್ಲಗೆ ಹೇಳಿದ್ರು, ಅವರ ಹೆಂಡತಿ ಅಂತ. ಮನೇಲಿ ಫೋಟೋ ಇದೆಯಂತೆ, ಧ್ವನಿ ಇರ್ಲಿಲ್ಲ. ನಾಲ್ಕು ಸಲ ಹಾಕಿಸ್ಕೊಂಡು ಕೇಳಿದ್ರು. ಆ ತುಣುಕು ಬೇರೆ ಮಾಡಿ ಅವರ ಮಗನ ಫೋನಿಗೆ ಕಳಿಸಿದೀನಿ.

1988ರ ಮ್ಯಾಚಲ್ಲಿ ನಮ್ಮ ಕಡೆಯ 15 ಹೆಸರೂ ಆಯ್ತು. ಎದುರು ತಂಡದಲ್ಲಿ ನಾಲ್ಕು ಮುಖ ಗೊತ್ತಾಗಿಲ್ಲ, ಪೇಪರಲ್ಲಿ ಹೆಸರಿದೆ ಆದ್ರೆ ಯಾರು ಯಾರು ಅಂತ ಗೊತ್ತಿಲ್ಲ. ಮುಂದಿನ ಗುರುವಾರ ಅವರ ಪ್ಯಾರಿಷ್‌ಗೆ ಪ್ರೊಜೆಕ್ಟರ್ ತಗೊಂಡು ಹೋಗ್ತಿದೀವಿ, ತಾತನೂ ಬರ್ತೀನಿ ಅಂದಿದಾರೆ. ಅಲ್ಲಿನವರು ಫೋನಲ್ಲಿ ಹೇಳಿದ್ರು, ಅವರ ಸ್ಟೋರ್‌ರೂಮಲ್ಲೂ ಎರಡು ಡಬ್ಬ ಇದೆಯಂತೆ.

ಟೇಪ್_ಮಾಮ

ತನ್ನಿ. ಹೆಡ್ ಕ್ಲೀನ್ ಮಾಡಿ ಇಟ್ಟಿರ್ತೀನಿ.